ಅಂಗೈ ಮುಚ್ಚಿದ ಸಾಲು

ಹೋದ ತಿಂಗಳು ಡೊಂಬಿವಲಿಯ ನಮ್ಮ ಕನ್ನಡ ಸಂಘದ ಸಭಾಗೃಹಕ್ಕೆ ಯಕ್ಷಗಾನ ನೋಡಲು ಹೋಗಿದ್ದೆ. ಊರ ಕಡೆಯಿಂದ ಮೇಳ ಬಂದಿತ್ತು. ಮಧ್ಯಾಹ್ನ ಶುರುವಾದ ಆಟ ದೀಪ ಹಚ್ಚುವ ಹೊತ್ತಿಗೆ ಮುಗಿಯಿತು. ಭಾಗವತರು ಪರಿಚಯದವರು, ಒಂದು ಮಾತಾಡಿಸಿ ಹೋಗೋಣವೆಂದು ಚೌಕಿಯ ಬಾಗಿಲಿಗೆ ಹೋದೆ. ಒಳಗೆ ವೇಷಧಾರಿಗಳು ಬಣ್ಣ ತೆಗೆಯುತ್ತಿದ್ದರು. ರಕ್ಕಸನ ವೇಷದವರು ಅಂಗೈ ತುಂಬ ತೆಂಗಿನೆಣ್ಣೆ ಸುರಿದುಕೊಂಡು ಮುಖಕ್ಕೆ ಸವರಿ, ಹಳೆ ಪಂಚೆಯ ತುಂಡಿನಿಂದ ಒರೆಸಿಕೊಳ್ಳುತ್ತಿದ್ದರು. ಎಣ್ಣೆಯಲ್ಲಿ ಕರಗಿದ ಕಪ್ಪಿನ ಆ ವಾಸನೆ ಮೂಗಿಗೆ ಬಡಿದದ್ದೇ ನಾನು ಸೆರಗಿನಿಂದ ಮೂಗು ಮುಚ್ಚಿಕೊಂಡೆ. ಭಾಗವತರನ್ನು ಮಾತಾಡಿಸುವುದೂ ಬೇಡ ಏನೂ ಬೇಡ ಎಂದು ವರಾಂಡಕ್ಕೆ ಬಂದು ಗೋಡೆ ಹಿಡಿದು ನಿಂತೆ.

ಆ ವಾಸನೆ ನಮ್ಮ ಮನೆಯ ಬಚ್ಚಲಿನಲ್ಲಿ ಒಂದು ಮಳೆಗಾಲದ ಕೊನೆಯವರೆಗೂ ಇತ್ತು. ಬಚ್ಚಲಿನಲ್ಲಿತ್ತೋ, ನನ್ನ ಮೂಗಿನಲ್ಲೇ ಇತ್ತೋ, ದೇವರಿಗೇ ಗೊತ್ತು. ಮುಂಬಯಿಯನ್ನು ಮುಳುಗಿಸಿದ ಆ ದೊಡ್ಡ ಮಳೆಯ ಮರುವರ್ಷದ ಮಾತು ಇದು.

ಆಗಲೂ ನಾವು ಡೊಂಬಿವಲಿಗೆ ಅಂಟಿಕೊಂಡ ಠಾಕುರ್ಲಿಯ ಇದೇ ಮನೆಯಲ್ಲಿದ್ದೆವು. ನನ್ನ ಗಂಡ ಶ್ರೀಧರ ತುರ್ಭೆಯ ಕಾರ್ಖಾನೆಯೊಂದರಲ್ಲಿ ನಕ್ಷೆ ಬರೆಯುವ ಕೆಲಸದಲ್ಲಿದ್ದರು. ಹಗಲೆಲ್ಲ ಪೈಪು, ವಾಲ್ವು, ಬೋಲ್ಟು. ಸಂಜೆ ಮನೆಗೆ ಬಂದು ಚಹಾ ಕುಡಿದ ಮೇಲೆ ಮಂತ್ರಿಗಳ ಮೂಗು, ನಗರಸೇವಕರ ಹೊಟ್ಟೆ. ಠಾಣೆಯ ಒಂದು ಸಣ್ಣ ಮರಾಠಿ ದಿನಪತ್ರಿಕೆಗೆ ಇವರು ವ್ಯಂಗ್ಯಚಿತ್ರ ಬರೆಯುತ್ತಿದ್ದರು. ಬೆಳಿಗ್ಗೆ ಕೆಲಸಕ್ಕೆ ಹೋಗುವಾಗ ಠಾಣೆಯಲ್ಲಿ ಗಾಡಿ ಬದಲಿಸಬೇಕಿತ್ತು. ಆ ನಡುವೆ ಸ್ಟೇಷನ್ನಿನ ಹಿಂದಿನ ಗಲ್ಲಿಯಲ್ಲಿದ್ದ ಪತ್ರಿಕೆಯ ಆಫೀಸಿಗೆ ಓಡಿ, ಚಿತ್ರ ಕೊಟ್ಟು, ತುರ್ಭೆಯ ಗಾಡಿ ಹಿಡಿಯುವುದು. ಚಿತ್ರದ ಮೂಲೆಯಲ್ಲಿ 'ಶ್ರೀ' ಎಂದು ಒಂದೇ ಅಕ್ಷರ. ನಮ್ಮ ಕಟ್ಟಡದ ಮರಾಠಿಯವರು ಇವರನ್ನು ಕರೆಯುತ್ತಿದ್ದುದು ಅಣ್ಣಾ ಎಂದು. ಮುಂಬಯಿಯಲ್ಲಿ ಉಡುಪಿಯ ಕಡೆಯ ಎಲ್ಲ ಗಂಡಸರೂ ಅಣ್ಣಾ, ಅವರು ಹೋಟೆಲಿನಲ್ಲಿರಲಿ, ಬ್ಯಾಂಕಿನಲ್ಲಿರಲಿ.

ಇವರದೊಂದು ಪದ್ಧತಿಯಿತ್ತು. ಚಿತ್ರ ಒಣಗಿದ ಮೇಲೆ ಅಡುಗೆಮನೆಗೆ ತಂದು ಕಟ್ಟೆಯ ಮೇಲೆ ಇಟ್ಟು, ಕೆಳಗೆ ಬರೆದ ಸಾಲನ್ನು ಅಂಗೈಯಿಂದ ಮುಚ್ಚುತ್ತಿದ್ದರು.

"ಈಗ ಹೇಳು, ಯಾರು ಇದು?"

ನಾನು ಥಟ್ಟನೆ ಹೇಳಿ ನಕ್ಕರೆ ಚಿತ್ರ ಪಾಸು. ಯೋಚಿಸಿದರೆ ಫೇಲು, ಮತ್ತೆ ಬರೆಯುವುದು. "ಸಾಲು ಓದಿ ಗೊತ್ತಾಗುದಾದ್ರೆ ಚಿತ್ರ ಯಾಕೆ ಮಾರಾಯ್ತಿ, ಬರೀ ಸಾಲೇ ಸಾಕಲ್ಲ," ಎನ್ನುತ್ತಿದ್ದರು. ಒಗ್ಗರಣೆ ಸೀದುಹೋಗುತ್ತಿದ್ದರೂ ನಾನು ಪರೀಕ್ಷೆ ಮಾಡಿಕೊಡಬೇಕು. ಬೈಯುತ್ತಲೇ ಮಾಡುತ್ತಿದ್ದೆ. ನಿಜ ಹೇಳುತ್ತೇನೆ, ದಿನದಲ್ಲಿ ನನಗೆ ಅತಿ ಖುಷಿಯ ಗಳಿಗೆ ಅದೇ ಆಗಿತ್ತು.

ಮರುದಿನ ಲೋಕಲ್ಲಿನಲ್ಲಿ ಯಾರಾದರೂ ಆ ಪತ್ರಿಕೆ ಬಿಡಿಸಿದ್ದು ಕಂಡರೆ ಇವರು ನೂಕಿಕೊಂಡು ಹೋಗಿ ಅವರ ಬೆನ್ನ ಹಿಂದೆ ನಿಲ್ಲುತ್ತಿದ್ದರಂತೆ. ಚಿತ್ರದ ಹತ್ತಿರ ಕಣ್ಣು ಬಂದಾಗ ಆತನ ಕೆನ್ನೆ ಸ್ವಲ್ಪ ಅಲ್ಲಾಡಿತೇ ಇಲ್ಲವೇ ಎಂದು ನೋಡುವುದು. ಅಲ್ಲಾಡಿದ ದಿನ ಸಂಜೆ ಮನೆಗೆ ಬರುವಾಗ ಕೈಯಲ್ಲಿ ಗೋಳಿಬಜೆಯ ಪೊಟ್ಟಣ ಇರುತ್ತಿತ್ತು. "ಬೈದ್ರೆ ಅವ್ರು ತಿರುಗಿ ಬೈತಾರೆ. ನಕ್ರೆ ಎಂತ ಮಾಡುದು ಅಂತ ಅವ್ರಿಗೆ ಗೊತ್ತಾಗುದಿಲ್ಲ," ಎನ್ನುತ್ತಿದ್ದರು. ಅದೊಂದು ವಿಷಯದಲ್ಲಿ ಇವರ ಲೆಕ್ಕ ತಪ್ಪಿತ್ತು.

ದೊಡ್ಡ ಮಳೆಗೆ ಎದ್ದುಹೋದ ರಸ್ತೆಗಳನ್ನೆಲ್ಲ ಬೇಸಿಗೆಯಲ್ಲಿ ಹೊಸದಾಗಿ ಮಾಡಿದ್ದರು. ಮರುವರ್ಷದ ಮೊದಲ ಮಳೆಗೇ ಅವು ಮತ್ತೆ ಎದ್ದವು. ಶ್ರಾವಣ ಬರುವಷ್ಟರಲ್ಲಿ ನಮ್ಮ ಗಲ್ಲಿಯಲ್ಲಿ ರಸ್ತೆ ಯಾವುದು ಹೊಂಡ ಯಾವುದು ಎಂದು ರಿಕ್ಷಾದವನಿಗೂ ತಿಳಿಯದು. ಎದುರುಮನೆಯ ಜೋಶಿ ಮಾವಶಿ ತರಕಾರಿ ತರಲು ಹೋದವರು ರಿಕ್ಷಾ ಮಗುಚಿ ಬಿದ್ದು ಮಣಿಕಟ್ಟು ಮುರಿದುಕೊಂಡರು. ಪಾಪ, ಅವರದು ಗಣಪತಿ ಕೂರಿಸುವ ಮನೆ. ಪ್ಲಾಸ್ಟರ್ ಹಾಕಿದ ಕೈ ಹಿಡಿದುಕೊಂಡು, "ಈ ಸಲ ಮೋದಕ ಹೇಗೆ ಕಟ್ಟಲಿ ಸುಮತಿ?" ಎಂದು ಅಳುಮುಖ ಮಾಡಿದರು. ನಾನು ಕಟ್ಟಿಕೊಡುತ್ತೇನೆ ಎಂದೆ. ಅವರ ಮನೆಯ ಗಣಪತಿಗೆ ಪ್ರತಿವರ್ಷ ಮಖರ, ಅಂದರೆ ಥರ್ಮೋಕೋಲಿನ ಮಂಟಪ, ಕತ್ತರಿಸಿ ಕೊಡುತ್ತಿದ್ದವರು ಇವರೇ.

ಅದೇ ವಾರ ನಮ್ಮ ವಾರ್ಡಿನ ನಗರಸೇವಕರ, ಅಂದರೆ ಕಾರ್ಪೊರೇಟರರ, ಹುಟ್ಟುಹಬ್ಬ. ಎಲ್ಲರೂ ಅವರನ್ನು ತಾತ್ಯಾ ಎನ್ನುತ್ತಿದ್ದರು. ಕಂಬಕಂಬಕ್ಕೂ ತಾತ್ಯಾನ ಬ್ಯಾನರು. ಬಿಳಿ ಅಂಗಿ, ಬಂಗಾರದ ಸರ, ಮುಗಿದ ಕೈ, ಅರ್ಧ ಮುಚ್ಚಿದ ಕಣ್ಣು, ಕೆಳಗೆ 'ಸದೈವ ಆಪಲ್ಯಾ ಸೇವೇತ್', ಸದಾ ನಿಮ್ಮ ಸೇವೆಯಲ್ಲಿ. ಮಾವಶಿ ಬಿದ್ದ ಹೊಂಡದ ಪಕ್ಕದಲ್ಲೇ ಅಂಥದೊಂದು ನಿಂತಿತ್ತು. ಹೊಂಡದ ನೀರಿನಲ್ಲಿ ತಾತ್ಯಾ ತಲೆಕೆಳಗಾಗಿ ಕಾಣುತ್ತಿದ್ದರು. ಇವರು ಕೊಡೆ ಹಿಡಿದು ಅಲ್ಲೇ ನಿಂತು ನೋಡುವುದನ್ನು ನಾನು ಬಾಲ್ಕನಿಯಿಂದ ಕಂಡೆ. ಚಿತ್ರವೊಂದು ಬರುತ್ತದೆ ಎಂದು ಆಗಲೇ ಗೊತ್ತಾಯಿತು.

ಬಂದದ್ದು ಒಂದು ಬಣ್ಣದ ವೇಷ; ಆಟದಲ್ಲಿ ರಕ್ಕಸನಿಗೆ ಹಾಗೆನ್ನುತ್ತಾರೆ. ಇವರು ಚಿತ್ರ ಕಲಿತದ್ದೇ ಚಿಕ್ಕಂದಿನಲ್ಲಿ ಆಟದ ವೇಷಗಳನ್ನು ನೋಡಿ. ಕೈಯನ್ನು ಅದರ ಪಾಡಿಗೆ ಬಿಟ್ಟರೆ ಕಿರೀಟ ಬರುತ್ತಿತ್ತು. ರಸ್ತೆಯ ನಡುವಿನ ಹೊಂಡದಲ್ಲಿ ಸೊಂಟದವರೆಗೆ ನೀರು. ಅದರೊಳಗೆ ಸಿಂಹಾಸನ ಹಾಕಿಕೊಂಡು ಕುಳಿತ ಯಕ್ಷಗಾನದ ರಕ್ಕಸ. ದೊಡ್ಡ ಕಿರೀಟ, ಕಿವಿಯ ಎರಡೂ ಬದಿಗೆ ಅಗಲವಾದ ಆಭರಣ, ಕೋರೆಹಲ್ಲು, ಡೊಳ್ಳುಹೊಟ್ಟೆ, ಮುಗಿದ ಕೈ. ಮುಖಕ್ಕೆ ಅಷ್ಟೊಂದು ಬಣ್ಣ ಬರೆದಿದ್ದರೂ ಆ ಅರ್ಧ ಮುಚ್ಚಿದ ಕಣ್ಣು ತಾತ್ಯಾನದೇ. ಕೆಳಗೆ ಬ್ಯಾನರಿನ ಅದೇ ಸಾಲು. ಇವರು ಅಂಗೈ ಮುಚ್ಚಿ ಹಿಡಿದದ್ದೇ ತಡ, ನಾನು ಚಪಾತಿಯ ಹಿಟ್ಟಿನ ಕೈಯಲ್ಲೇ ಬಾಯಿ ಮುಚ್ಚಿಕೊಂಡು ನಕ್ಕೆ. ಅಷ್ಟು ಬೇಗ ಯಾವ ಚಿತ್ರವೂ ಪಾಸಾಗಿರಲಿಲ್ಲ.

ಆದರೆ ಪರೀಕ್ಷೆ ಮಾಡಿದವಳು ಉಡುಪಿಯವಳು. ಕೋರೆಹಲ್ಲು, ಕಿರೀಟ ಕಂಡರೆ ನನಗೆ ರಕ್ಕಸ. ಡೊಂಬಿವಲಿಯಲ್ಲಿ ಯಕ್ಷಗಾನ ನೋಡಿದವರು ನಮ್ಮ ಸಂಘದ ಜನ ಬಿಟ್ಟರೆ ಯಾರಿದ್ದಾರೆ? ಚಿತ್ರ ಅಚ್ಚಾದದ್ದು ಚೌತಿಯ ಹಿಂದಿನ ದಿನ, ಊರಿಗೆ ಊರೇ ಗಣಪತಿಯನ್ನು ತಲೆಯ ಮೇಲೆ ಹೊತ್ತು ಮನೆಗೆ ತರುತ್ತಿದ್ದಾಗ. ನಮ್ಮ ಇಬ್ಬರ ತಲೆಗೂ ಅದು ಹೊಳೆಯಲಿಲ್ಲ.

ಬೆಳಿಗ್ಗೆ ಬಾಗಿಲು ಬಡಿದವರು ಜೋಶಿ ಮಾವಶಿ. ಒಳ್ಳೆಯ ಕೈಯಲ್ಲಿ ಪತ್ರಿಕೆ.

"ಅಣ್ಣಾ, ಬಾಪ್ಪಾಲಾ ಖಡ್ಡ್ಯಾತ್ ಬಸವಲಂತ್?" ಬಾಪ್ಪಾನನ್ನು, ಗಣಪತಿಯನ್ನು, ಹೊಂಡದಲ್ಲಿ ಕೂರಿಸಿಬಿಟ್ಟಿರಾ?

ಇವರಿಗೆ ಅರ್ಥವೇ ಆಗಲಿಲ್ಲ. ಪತ್ರಿಕೆ ತೆಗೆದುಕೊಂಡು ನೋಡಿದರು. ಮಾವಶಿ ಬೆರಳಿಟ್ಟು ತೋರಿಸಿದರು: ಇದು ದಂತ, ಈ ಮೂಗಿನ ಬಣ್ಣದ ಗೆರೆ ಸೊಂಡಿಲು, ಇದು ಕಿವಿ, ಇದು ಹೊಟ್ಟೆ, ಇದು ಮುಕುಟ. ಅವರು ಹೇಳಿದ ಮೇಲೆ ನನಗೂ ಹಾಗೇ ಕಾಣಿಸಿತು. ಇವರು ಒಳಗೆ ಓಡಿದರು. ಕಪಾಟಿನಿಂದ ಸಂಘದ ಆಟದ ಹಳೆಯ ಫೋಟೋ ತೆಗೆದು, ನೋಡಿ ಮಾವಶಿ, ಇದು ನಮ್ಮ ಊರಿನ ರಾಕ್ಷಸ, ಬಾಪ್ಪಾ ಅಲ್ಲ, ಎಂದು ತಮ್ಮ ಹರಕು ಮರಾಠಿಯಲ್ಲಿ ಹೇಳಿ, ಅವರ ಕಾಲು ಮುಟ್ಟಿ ತಪ್ಪಾಯಿತು ಎಂದರು. ಮಾವಶಿ ಫೋಟೋವನ್ನೂ ಚಿತ್ರವನ್ನೂ ಪಕ್ಕಪಕ್ಕ ಹಿಡಿದು ನೋಡಿ ನಿಟ್ಟುಸಿರು ಬಿಟ್ಟರು. "ನೀನು ಹೇಳಿದರೆ ನಂಬುತ್ತೇನೆ. ಆದರೆ ಎಷ್ಟು ಮನೆಗೆ ಹೋಗಿ ಹೇಳುತ್ತೀ?" ಎಂದು ಕೇಳಿದರು. ಆ ಕ್ಷಮೆ ಕೇಳಿದ್ದಕ್ಕೆ ಇವರು ಎಂದೂ ಬೇಸರಪಟ್ಟದ್ದಿಲ್ಲ.

ಎಷ್ಟು ಮನೆಗೆ ಹೇಳುವುದು! ಮಧ್ಯಾಹ್ನದ ಹೊತ್ತಿಗೆ ಪತ್ರಿಕೆಯ ಆಫೀಸಿನ ಗಾಜುಗಳು ಪುಡಿಯಾಗಿದ್ದವು. ಕೇಬಲ್ ಟೀವಿಯಲ್ಲಿ ಚಿತ್ರವನ್ನು ಮತ್ತೆ ಮತ್ತೆ ತೋರಿಸಿದರು, ಕೆಳಗಿನ ಸಾಲನ್ನು ಬಿಟ್ಟು. ಸಂಪಾದಕರು ಕೆಟ್ಟವರೇನಲ್ಲ. ಆದರೆ ಅವರ ಪತ್ರಿಕೆ ನಿಂತಿದ್ದುದೇ ಹುಟ್ಟುಹಬ್ಬದ ಶುಭಾಶಯದ ಜಾಹೀರಾತುಗಳ ಮೇಲೆ. ನಾಳೆಯಿಂದ ಸ್ವಲ್ಪ ದಿನ ಬೇಡ ಎಂದು ಫೋನು ಮಾಡಿದರು. ಹಬ್ಬದ ದಿನ ನಾನು ಎದುರುಮನೆಯಲ್ಲಿ ಮೋದಕ ಕಟ್ಟುತ್ತಿದ್ದರೆ, ಕೆಳಗೆ ಗೇಟಿನ ಹತ್ತಿರ ಮೋಟರ್‌ಬೈಕಿನ ಹುಡುಗರು ನಮ್ಮ ಮನೆಯ ಕಿಟಕಿ ಯಾವುದೆಂದು ಕಾವಲುಗಾರನನ್ನು ಕೇಳುತ್ತಿದ್ದರು. ನಾನು ಕಟ್ಟಿದ ಮೋದಕದ ಬಾಯಿ ಕೂಡಿಕೊಳ್ಳಲೇ ಇಲ್ಲ.

ಹಬ್ಬ ಕಳೆದು ಕೆಲಸಕ್ಕೆ ಹೊರಟರು. ಬೇಡವೆಂದೆ. "ಪೈಪು ವಾಲ್ವು ಬರಿಲಿಕ್ಕೆ ಹೋಗುದು ಮಾರಾಯ್ತಿ, ಅದ್ರಲ್ಲಿ ಯಾವ ದೇವ್ರೂ ಇಲ್ಲ," ಎಂದು ನಗಿಸಲು ನೋಡಿದರು. ಸಂಜೆ ವಾಪಸು ಬರುವಾಗ ಡೊಂಬಿವಲಿ ಸ್ಟೇಷನ್ನಿನ ಸೇತುವೆಯ ಮೇಲೆ ನಾಲ್ಕೈದು ಜನ ಸುತ್ತುವರಿದು, ಇಬ್ಬರು ತೋಳು ಹಿಡಿದು, ಒಬ್ಬ ಡಬ್ಬಿ ತೆರೆದು ಮುಖಕ್ಕೆಲ್ಲ ಕಪ್ಪು ಬಳಿದ. ಇನ್ನೊಬ್ಬ ಫೋಟೋ ತೆಗೆದ. ಗಾಡಿಯಿಂದ ಇಳಿದ ಜನ ಬದಿಗೆ ಸರಿದು ದಾರಿ ಮಾಡಿಕೊಂಡು ಹೋದರು. ಅದರಲ್ಲಿ ಇವರ ಚಿತ್ರ ನೋಡಿ ನಕ್ಕವರೂ ಇದ್ದಿರಬೇಕು. ಅದೊಂದನ್ನು ಮಾತ್ರ ಇವರು ಮತ್ತೆ ಮತ್ತೆ ಹೇಳಿದರು.

ಬಾಗಿಲು ತೆರೆದರೆ ಒಂದು ಕಪ್ಪು ಮುಖ, ಅದರಲ್ಲಿ ಎರಡು ಕಣ್ಣು. ನಾನು ಕಿರುಚಿದೆನಂತೆ. ನೆನಪಿಲ್ಲ. ಮಸಿಗೆ ಎಂಥದೋ ಎಣ್ಣೆ ಬೆರೆಸಿದ್ದರು, ಸಾಬೂನಿಗೆ ಜಪ್ಪಯ್ಯ ಎಂದರೂ ಹೋಗಲಿಲ್ಲ. ಕೊನೆಗೆ ಊರಲ್ಲಿ ವೇಷಧಾರಿಗಳು ಮಾಡುವುದು ನೆನಪಾಗಿ, ಇವರನ್ನು ಬಚ್ಚಲಲ್ಲಿ ಮಣೆಯ ಮೇಲೆ ಕೂರಿಸಿ ತೆಂಗಿನೆಣ್ಣೆ ಸವರಿ ಒರೆಸತೊಡಗಿದೆ. ಒರೆಸಿದಷ್ಟೂ ಬರುತ್ತಿತ್ತು. ಕಿವಿಯ ಸಂದಿಯಲ್ಲಿ, ಹುಬ್ಬಿನ ಬುಡದಲ್ಲಿ, ಉಗುರಿನಲ್ಲಿ.

"ಒಳ್ಳೆ ಮಸಿ ಅಲ್ಲ ಇದು," ಎಂದರು ಕಣ್ಣು ಮುಚ್ಚಿಕೊಂಡೇ. "ಕಾಗದದ ಮೇಲೆ ಹರಡ್ತದೆ."

"ಬಾಯಿ ಮುಚ್ಚಿ ಕೂತ್ಕೊಳ್ಳಿ," ಎಂದೆ. ಸಿಟ್ಟು ಯಾರ ಮೇಲೆ ಬಂದಿತ್ತೋ, ಸಿಕ್ಕಿದವರು ಇವರು. ಒರೆಸುತ್ತ ಒರೆಸುತ್ತ ನಾನೇ ಗೊಳೋ ಎಂದು ಅತ್ತೆ.

ಮರುದಿನ ಸಂಘದ ಅಧ್ಯಕ್ಷರು, ಸ್ಟೇಷನ್ನಿನ ಬಳಿ ಹೋಟೆಲು ನಡೆಸುವ ಶೇಖರಣ್ಣ, ಮನೆಗೆ ಬಂದರು. ಒಂದು ದಾರಿ ಹುಡುಕಿಕೊಂಡೇ ಬಂದಿದ್ದರು.

"ಇದು ಯಕ್ಷಗಾನದ ವೇಷ ಅಲ್ವಾ ಶ್ರೀಧರಣ್ಣ? ಅಷ್ಟೇ ಬರ್ದು ಪೇಪರಿಗೆ ಕೊಡುದು. ಸುಳ್ಳೇನೂ ಅಲ್ಲ. ತಾತ್ಯಾನ ಹತ್ರ ನಾನು ಮಾತಾಡಿದ್ದೇನೆ. ನಮ್ಮ ಸಭಾಗೃಹದ ಜಾಗದ ಪರ್ಮಿಶನ್ನೂ ಅವ್ರ ಕೈಯಲ್ಲೇ ಉಂಟು, ನೆನಪಿರ್ಲಿ."

ಮೂವರೂ ತಾತ್ಯಾನ ಆಫೀಸಿಗೆ ಹೋದೆವು. ಇವರೊಬ್ಬರನ್ನೇ ಕಳಿಸಲು ನನಗೆ ಧೈರ್ಯವಿರಲಿಲ್ಲ. ಬ್ಯಾನರಿನ ಮನುಷ್ಯ ಎದುರಿಗೆ ಕುಳಿತಿದ್ದ. ಅದೇ ಸರ, ಅದೇ ಕಣ್ಣು. ಬಹಳ ಮರ್ಯಾದೆಯಿಂದ 'ಬಸಾ ವಹಿನಿ', ಕೂರಿ ಅತ್ತಿಗೆ, ಎಂದು ನನಗೆ ಕುರ್ಚಿ ಕೊಡಿಸಿದರು, ಚಹಾ ತರಿಸಿದರು. ಶೇಖರಣ್ಣ ಯಕ್ಷಗಾನದ ಫೋಟೋಗಳನ್ನು ಮೇಜಿನ ಮೇಲೆ ಹರಡಿ ಒಂದೊಂದನ್ನೇ ವಿವರಿಸಿದರು. ತಾತ್ಯಾ ಎಲ್ಲ ಕೇಳಿ, ತಮ್ಮ ಹುಡುಗರನ್ನು ಹೊರಗೆ ಹೋಗಲು ಹೇಳಿದರು. ಬಾಗಿಲು ಹಾಕಿದ ಮೇಲೆ ಇವರ ಕಡೆ ತಿರುಗಿ ನಕ್ಕರು.

"ಅಣ್ಣಾ, ಬಾಪ್ಪಾ ಅಲ್ಲ ಅಂತ ನನಗೆ ಮೊದಲ ದಿನವೇ ಗೊತ್ತು. ದಿನಾ ಗಡ್ಡ ಹೆರೆಯುವಾಗ ನೋಡುವ ಮುಖ ನನ್ನದು. ಕಣ್ಣು ಛಾನ್, ಚೆನ್ನಾಗಿ ತೆಗೆದಿದ್ದೀರಿ." ಮರಾಠಿಯಲ್ಲಿ ಇಷ್ಟು ಹೇಳಿ ಒಂದು ಗುಟುಕು ಚಹಾ ಕುಡಿದರು. "ಯಕ್ಷಗಾನ ಅಂತ ಬರೆಯಿರಿ, ನಡೆಯುತ್ತದೆ. ಜೊತೆಗೆ ಇನ್ನೊಂದು ಮಾತು. ಹೇ ಕೋಣಾಚಂಚ ಚಿತ್ರ ನಾಹೀ. ಅಷ್ಟು ಬರೆಯಿರಿ."

ಇದು ಯಾರ ಚಿತ್ರವೂ ಅಲ್ಲ.

ಇವರು ತಲೆಯೆತ್ತಿ ತಾತ್ಯಾನನ್ನು ನೋಡಿದರು. ಆಮೇಲೆ ನನ್ನನ್ನು. ಮುಖಕ್ಕೆ ಕಪ್ಪು ಬಳಿಸಿಕೊಂಡು ಬಂದ ಸಂಜೆಯೂ ಇಲ್ಲದ ಭಯ ಆಗ ಇವರ ಕಣ್ಣಿನಲ್ಲಿತ್ತು. ಮಾವಶಿಯ ಕಾಲು ಮುಟ್ಟಿದ ಮನುಷ್ಯನಿಗೆ ಕ್ಷಮೆ ಕೇಳುವುದು ಕಷ್ಟವಲ್ಲ. ಬರೆದದ್ದು ಯಾರನ್ನೂ ಅಲ್ಲ ಎಂದು ತನ್ನ ಕೈಯಾರೆ ಬರೆಯುವುದಿದೆಯಲ್ಲ, ಅದು ಬೇರೆ. ಹಾಗೆ ಬರೆದ ಮೇಲೆ ನಾಳೆ ಯಾರ ಮೂಗು ಬರೆದರೂ ಅದು ಯಾರ ಮೂಗೂ ಅಲ್ಲ.

"ನಂಗೆ ಒಂದು ದಿನ ಯೋಚನೆ ಮಾಡ್ಲಿಕ್ಕೆ ಬೇಕು," ಎಂದರು ಕನ್ನಡದಲ್ಲಿ, ನನ್ನನ್ನೇ ನೋಡುತ್ತ.

ಅವರ ಕಿವಿಯ ಹಿಂದೆ ಇನ್ನೂ ಕಪ್ಪು ಉಳಿದಿತ್ತು. ನಾನೇ ಹೇಳಿದೆ: "ಬರ್ದು ಕೊಡಿ. ಮನೆಗೆ ಹೋಗುವ."

ಇಂದು ಅದೇ ಕುರ್ಚಿಯಲ್ಲಿ ಕೂರಿಸಿದರೂ ನಾನು ಅದನ್ನೇ ಹೇಳುತ್ತೇನೆ. ಇವರು ಧೀರರಾಗಿ ಆಸ್ಪತ್ರೆಯಲ್ಲಿ ಮಲಗುವುದು ನನಗೆ ಬೇಕಿರಲಿಲ್ಲ, ಮನೆಯಲ್ಲಿ ಬೇಕಿತ್ತು. ಬೆನ್ನ ಹಿಂದೆ ಶಹಬ್ಬಾಸ್ ಎನ್ನುವವರು ಬೇಕಾದಷ್ಟು ಸಿಗುತ್ತಾರೆ, ಎಣ್ಣೆ ಹಚ್ಚಿ ಒರೆಸುವವಳು ನಾನೊಬ್ಬಳೇ. ಹಾಗೆಂದು ನೋವಾಗಲಿಲ್ಲ ಎಂದಲ್ಲ. ಇವರು ಬರೆದು, ಯಾವಾಗಲೂ 'ಶ್ರೀ' ಎಂದಷ್ಟೇ ಹಾಕುವವರು ಪೂರ್ತಿ ಹೆಸರು ಹಾಕಿದಾಗ ನಾನು ಕಾಗದದಿಂದ ಕಣ್ಣು ತೆಗೆದು ಗೋಡೆ ನೋಡಿದೆ.

ಹೇಳಿಕೆ ಅಚ್ಚಾಯಿತು. ಬೈಕುಗಳು ಬರುವುದು ನಿಂತಿತು. ಪತ್ರಿಕೆಯಲ್ಲಿ ಇವರ ಚಿತ್ರದ ಜಾಗಕ್ಕೆ ರಾಶಿಭವಿಷ್ಯ ಬಂತು. ಸಂಪಾದಕರು ದೀಪಾವಳಿ ಕಳೆದ ಮೇಲೆ ಮತ್ತೆ ಕರೆದರು, ಇವರೇ ಹೋಗಲಿಲ್ಲ. ಮೊದಮೊದಲು ಸಂಜೆ ಚಹಾ ಕುಡಿದು ಮೇಜಿನ ಮುಂದೆ ಕೂರುತ್ತಿದ್ದರು. ಒಂದು ಮುಖ ಶುರು ಮಾಡುವುದು, ಕಣ್ಣಿನ ಹತ್ತಿರ ಬಂದು ನಿಲ್ಲಿಸುವುದು. ಆಮೇಲೆ ಅದೂ ಬಿಟ್ಟು ಟೀವಿ ಹಾಕತೊಡಗಿದರು. ಅಡುಗೆಮನೆಯಲ್ಲಿ ನನ್ನ ಒಗ್ಗರಣೆ ಒಂದು ದಿನವೂ ಸೀಯಲಿಲ್ಲ.

ಆದರೆ ಅಸಲು ಪೆಟ್ಟು ಬಿದ್ದದ್ದು ಮುಂದಿನ ವರ್ಷ. ಸಭಾಗೃಹದ ಪರ್ಮಿಶನ್ ಬಂದ ಸಂತೋಷಕ್ಕೆ ಸಂಘದ ವಾರ್ಷಿಕೋತ್ಸವ. ಮುಖ್ಯ ಅತಿಥಿ ತಾತ್ಯಾ. ಶೇಖರಣ್ಣ ಒಳ್ಳೆಯ ಮನಸ್ಸಿನಿಂದಲೇ, ನಾನು ಅವರನ್ನು ದೂರುವುದಿಲ್ಲ, ಪತ್ರಿಕೆಯಿಂದ ಆ ಚಿತ್ರದ ಮೂಲಪ್ರತಿ ತರಿಸಿ ಚೌಕಟ್ಟು ಹಾಕಿಸಿದ್ದರು. ಸುತ್ತ ಅಗಲವಾದ ಬಿಳಿ ರಟ್ಟು. ಕೆಳಗಿನ ಸಾಲು ರಟ್ಟಿನ ಅಡಿಗೆ ಹೋಗಿತ್ತು. ಅದರ ಕೆಳಗೆ ಹಿತ್ತಾಳೆಯ ತಗಡು: 'ಯಕ್ಷಗಾನದ ಬಣ್ಣದ ವೇಷ'. ಇವರನ್ನು ವೇದಿಕೆಗೆ ಕರೆದು ಜಾನಪದ ಕಲೆಯ ಸೇವೆಗಾಗಿ ಶಾಲು ಹೊದಿಸಿದರು. ಹೊದಿಸಿದವರು ತಾತ್ಯಾ. ಸಭೆ ಚಪ್ಪಾಳೆ ತಟ್ಟಿತು. ಇವರು ಕೈಮುಗಿದು ನಿಂತಿದ್ದ ರೀತಿ ನೋಡಿ ನನಗೆ ಎದ್ದು ಓಡಿಹೋಗೋಣ ಅನಿಸಿತು. ಸಭಾಗೃಹ ಎದ್ದ ಮೇಲೆ ಆ ಚೌಕಟ್ಟನ್ನು ಚೌಕಿಯ ಹೊರಗಿನ ವರಾಂಡದಲ್ಲಿ ತೂಗುಹಾಕಿದರು. ಇಂದಿನವರೆಗೂ ಇವರು ಅದರ ಮೆಟ್ಟಿಲು ಹತ್ತಿಲ್ಲ.

ಹೋದ ತಿಂಗಳು ನಾನು ಗೋಡೆ ಹಿಡಿದು ನಿಂತದ್ದು ಅದೇ ಚಿತ್ರದ ಪಕ್ಕದಲ್ಲಿ. ಗಾಜಿನ ಮೇಲೆ ಧೂಳು, ಹಿತ್ತಾಳೆ ಕಪ್ಪಾಗಿದೆ. ಅಷ್ಟರಲ್ಲಿ ಶೇಖರಣ್ಣ ಸೊಸೆಯನ್ನು ಕರೆದುಕೊಂಡು ಬಂದರು. ಮಗ ಪ್ರೀತಿಸಿ ಮದುವೆಯಾದ ಮರಾಠಿ ಹುಡುಗಿ, ಸಾನಿಕಾ. ಕಲ್ಯಾಣದವಳು, ಕನ್ನಡ ಬಾರದು, ಯಕ್ಷಗಾನ ನೋಡಿದ್ದು ಇದೇ ಮೊದಲು. ಚೌಕಿ ತೋರಿಸಲು ಕರೆತಂದಿದ್ದರು. ನನ್ನ ಕಾಲಿಗೆ ನಮಸ್ಕಾರ ಮಾಡಿ ಎದ್ದವಳ ಕಣ್ಣು ಚಿತ್ರದ ಮೇಲೆ ಬಿತ್ತು. ಒಂದು ಗಳಿಗೆ ನೋಡಿದಳು. ಆಮೇಲೆ ಬಾಯಿ ಮುಚ್ಚಿಕೊಂಡು ಪಕ್ಕನೆ ನಕ್ಕಳು.

"ಅಯ್ಯೋ ಪಪ್ಪಾ, ಹೇ ತರ್ ತಾತ್ಯಾ ಆಹೇತ್!" ಇವರು ತಾತ್ಯಾ ಅಲ್ಲವೇ!

ಶೇಖರಣ್ಣನ ಮುಖ ನೋಡಬೇಕಿತ್ತು. "ಇಲ್ಲ ಮಗಾ, ವೋ ಯಕ್ಷಗಾನ್ ಕಾ ರಾಕ್ಷಸ್ ಹೈ," ಎಂದು ಹಿಂದಿಯಲ್ಲಿ ತಡವರಿಸಿದರು.

"ಹೋ, ರಾಕ್ಷಸಚ್. ಪಣ್ ತಾತ್ಯಾ!" ರಾಕ್ಷಸನೇ ಸರಿ, ಆದರೆ ತಾತ್ಯಾ. ಅವರ ಗಲ್ಲಿಯ ತುಂಬ ಇಂದಿಗೂ ಆ ಮುಖದ ಬ್ಯಾನರುಗಳಿವೆಯಂತೆ, ಈಗ ಇನ್ನೂ ದೊಡ್ಡ ಹುದ್ದೆಗೆ. ಅವಳು ಮತ್ತೊಮ್ಮೆ ನೋಡಿ ಮತ್ತೊಮ್ಮೆ ನಕ್ಕಳು. ಶೇಖರಣ್ಣ ನನ್ನ ಮುಖ ನೋಡಲಾರದೆ ಚೌಕಿಯೊಳಗೆ ಹೋದರು.

ನಾನು ರಿಕ್ಷಾ ಹಿಡಿದು, ಅದೇ ಹೊಂಡಗಳಲ್ಲಿ ಎದ್ದು ಬಿದ್ದು ಮನೆಗೆ ಬಂದೆ. ಇವರು ಟೀವಿಯ ಮುಂದೆ ಕುಳಿತಿದ್ದರು. ಚಪ್ಪಲಿ ಬಿಡುವ ಮೊದಲೇ ಎಲ್ಲ ಹೇಳಿದೆ. ಟೀವಿಯ ಸದ್ದು ಕಡಿಮೆ ಮಾಡಿದರು.

"ಯಾರೂ ಮೊದ್ಲೇ ಹೇಳಿರ್ಲಿಲ್ವಾ ಅವ್ಳಿಗೆ?"

"ಯಾರು ಹೇಳುದು? ಶೇಖರಣ್ಣ ಹೇಳ್ತಾರಾ?"

ಮುಂದಿನ ಮೇಜಿನ ಮೇಲೆ ಬರೀ ಚಹಾದ ಲೋಟ ಇತ್ತು. ಇವರ ಬಲಗೈ ಮೆಲ್ಲಗೆ ಬಂದು, ಅಲ್ಲಿಲ್ಲದ ಒಂದು ಚಿತ್ರದ ಕೆಳಗಿನ ಸಾಲನ್ನು ಮುಚ್ಚುವಂತೆ ಅಂಗೈ ಕವುಚಿ ಕುಳಿತುಕೊಂಡಿತು.

"ಸಾಲು ಮುಚ್ಚಿತ್ತಲ್ಲ?" ಎಂದು ಕೇಳಿದರು.

"ಮುಚ್ಚಿಯೇ ಇತ್ತು. ರಟ್ಟಿನ ಅಡಿಗೆ."

"ನಕ್ಕಳಾ?"

"ನಕ್ಕಳು. ಎರಡು ಸಲ."

ಇವರು ಮೇಜಿನ ಮೇಲಿನ ಕೈ ತೆಗೆಯಲಿಲ್ಲ. ನಾನು ದೀಪ ಹಚ್ಚಿ, ಒಗ್ಗರಣೆಗೆ ಎಣ್ಣೆ ಇಟ್ಟೆ.